ಮೊದಲು ರೀಲುಗಳನ್ನು ಉಳಿಸಿ

ಕೆಂಗೇರಿ–ಉತ್ತರಹಳ್ಳಿ ರಸ್ತೆಯ ಅಭಿಮಾನ್ ಸ್ಟುಡಿಯೊದಲ್ಲಿದ್ದ ವಿಷ್ಣುವರ್ಧನ್ ಸಮಾಧಿಯನ್ನು 2025ರ ಆಗಸ್ಟ್‌ನಲ್ಲಿ ರಾತ್ರೋರಾತ್ರಿ ಕೆಡವಿದರು. ಸುದ್ದಿ ಹಬ್ಬಿದ ಮೇಲೆ ಅಭಿಮಾನಿಗಳು ಅತ್ತರು, ಕೂಗಾಡಿದರು. ಅದಾದ ಕೆಲವೇ ವಾರಗಳಲ್ಲಿ ಅರಣ್ಯ ಇಲಾಖೆ ಆ ಜಮೀನು ತನ್ನದೆಂದು ವಾಪಸು ಪಡೆಯಲು ಹೊರಟಿತು. ಹಾಸ್ಯ, ಖಳ ಎರಡೂ ಪಾತ್ರಗಳಲ್ಲಿ ಮಿಂಚಿದ, ಕಿವಿ ಮಂದವಾಗಿದ್ದ ಬಾಲಕೃಷ್ಣ ಅವರು 1960ರ ದಶಕದಲ್ಲಿ ಸರ್ಕಾರದಿಂದ ಇಪ್ಪತ್ತು ಎಕರೆ ಪಡೆದು, ಕೈಯಲ್ಲಿದ್ದದ್ದನ್ನೆಲ್ಲ ಸುರಿದು ಕಟ್ಟಿದ ಜಾಗ ಅದು. ಕನ್ನಡದ ಚಿತ್ರಗಳು ಆಗ ಬಹುಪಾಲು ಮದರಾಸಿನಲ್ಲಿ ತಯಾರಾಗುತ್ತಿದ್ದವು. ನಮ್ಮದೇ ಒಂದು ನೆಲೆ ಬೇಕೆಂಬ ಹಟ ಅವರದು.

ಅದೇ ವರ್ಷದ ಮಾರ್ಚ್‌ನಲ್ಲಿ ಇನ್ನೊಂದು ಸುದ್ದಿ ಬಂದಿತ್ತು. ಕನ್ನಡ ಚಿತ್ರಗಳನ್ನು ಸಂರಕ್ಷಿಸುವ ಭಂಡಾರಕ್ಕೆ 2025–26ರ ರಾಜ್ಯ ಬಜೆಟ್‌ನಲ್ಲಿ 3 ಕೋಟಿ ರೂಪಾಯಿ ಘೋಷಿಸಿದರು. ಅದಕ್ಕಾಗಿ ಯಾರೂ ಗೇಟಿನ ಮುಂದೆ ನಿಲ್ಲಲಿಲ್ಲ. ವಿಜಯನಗರದ ನಮ್ಮ ಬೀದಿಯಲ್ಲಿ ಸಮಾಧಿಯ ಬಗ್ಗೆ ವಾರಗಟ್ಟಲೆ ಮಾತಾಡಿದವರಲ್ಲಿ ಒಬ್ಬರಿಗೂ ಈ ಭಂಡಾರದ ವಿಷಯ ಗೊತ್ತಿರಲಿಲ್ಲ. ನನ್ನ ಮನಸ್ಸು ಕಲಕಿದ್ದು ಇದರಿಂದ. ನಟನ ಸಮಾಧಿ ಕೆಡವಿದಾಗ ನೋವಾಗುವುದು ಸಹಜ, ನನಗೂ ಆಗಿದೆ. ಆದರೆ ಆ ನಟ ನಮ್ಮವನಾದದ್ದು ಸಮಾಧಿಯಿಂದಲ್ಲ, ‘ನಾಗರಹಾವು’ ಚಿತ್ರದಿಂದ, ‘ಬಂಧನ’ದಿಂದ, ‘ಮುತ್ತಿನಹಾರ’ದಿಂದ. ಅವುಗಳ ನೆಗೆಟಿವ್ ಯಾವ ಸ್ಥಿತಿಯಲ್ಲಿದೆ ಎಂದು ಕೇಳುವ ಅಭಿಮಾನಿ ಸಂಘ ನಮ್ಮಲ್ಲಿ ಹುಟ್ಟಬೇಕು.

ನಮ್ಮ ತಂದೆ ಮಾಗಡಿ ರಸ್ತೆಯ ಟಾಕೀಸೊಂದರಲ್ಲಿ ಆಪರೇಟರ್ ಆಗಿದ್ದರು. ಗಾಂಧಿನಗರದಿಂದ ತಗಡಿನ ಪೆಟ್ಟಿಗೆಗಳಲ್ಲಿ ಪ್ರಿಂಟ್ ಬರುತ್ತಿತ್ತು. ಎರಡು ಮಷಿನ್ನು, ಉರಿಯುವ ಕಾರ್ಬನ್ ಕಡ್ಡಿ, ಇಪ್ಪತ್ತು ನಿಮಿಷಕ್ಕೊಂದು ರೀಲು. ಪರದೆಯ ಬಲಮೂಲೆಯಲ್ಲಿ ಚುಕ್ಕೆ ಮಿಣುಕಿದ ಕೂಡಲೇ ಎರಡನೇ ಮಷಿನ್ನಿಗೆ ದಾಟಬೇಕು. ಕೆಳಗೆ ಬಿನ್ನಿ ಮಿಲ್ಲಿನ ಪಾಳಿ ಮುಗಿಸಿ ಬಂದ ಕಾರ್ಮಿಕರು. ಅವರಲ್ಲಿ ಅರ್ಧ ಜನ ಮನೆಯಲ್ಲಿ ತಮಿಳು, ತೆಲುಗು ಆಡುವವರು. ರಾಜಕುಮಾರ್ ಪರದೆಗೆ ಬಂದಾಗ ಶಿಳ್ಳೆ ಯಾವ ಭಾಷೆಯದೆಂದು ಕೇಳುವವರಿರಲಿಲ್ಲ. ಊರೂರು ಸುತ್ತಿ ಗೀರುಬಿದ್ದ ಪ್ರಿಂಟು ಓಡುವಾಗ ‘ಮಳೆ ಬೀಳ್ತಾ ಇದೆ’ ಅನ್ನುತ್ತಿದ್ದರು. ಓಟ ಮುಗಿದ ಕಪ್ಪು-ಬಿಳುಪು ಪ್ರಿಂಟುಗಳನ್ನು ತೂಕಕ್ಕೆ ಮಾರುತ್ತಿದ್ದರಂತೆ. ಫಿಲ್ಮಿನ ಲೇಪದಲ್ಲಿ ಬೆಳ್ಳಿ ಇರುತ್ತದಲ್ಲ, ಅದನ್ನು ತೆಗೆಯಲು. ಅಪ್ಪ ಆ ಮಾತು ಹೇಳುವಾಗ ದನಿ ಇಳಿಯುತ್ತಿತ್ತು.

ಬಸವೇಶ್ವರನಗರದ ಕನ್ನಡ ಮಾಧ್ಯಮ ಪ್ರೌಢಶಾಲೆಯೊಂದರಲ್ಲಿ ಇತಿಹಾಸ ಹೇಳಿಕೊಟ್ಟು ನಿವೃತ್ತಳಾದವಳು ನಾನು. 1991ರ ಡಿಸೆಂಬರ್ ತಿಂಗಳನ್ನು ಬೋರ್ಡಿನ ಮೇಲೆ ಎರಡು ಸಾಲಾಗಿ ಬರೆಯುತ್ತಿದ್ದೆ. ಒಂದು, 25ನೇ ತಾರೀಕು ಗೋರ್ಬಚೆವ್ ರಾಜೀನಾಮೆ ಕೊಟ್ಟರು, ಸೋವಿಯತ್ ಒಕ್ಕೂಟ ಇಲ್ಲವಾಯಿತು. ಇನ್ನೊಂದು, ಅದಕ್ಕೆ ಎರಡು ವಾರ ಮೊದಲು ಕಾವೇರಿ ಮಧ್ಯಂತರ ತೀರ್ಪು ಗೆಜೆಟ್‌ನಲ್ಲಿ ಪ್ರಕಟವಾದ ಬೆನ್ನಿಗೇ ಬೆಂಗಳೂರು ಹೊತ್ತಿಕೊಂಡಿತು. ಪೊಲೀಸರು ಗುಂಡು ಹಾರಿಸಿದರು, ಜನ ಸತ್ತರು, ಸಾವಿರಾರು ತಮಿಳರು ಊರು ಬಿಟ್ಟು ಹೋದರು. ಅಪ್ಪನ ಟಾಕೀಸಿನಲ್ಲಿ ಶಿಳ್ಳೆ ಹೊಡೆಯುತ್ತಿದ್ದವರಲ್ಲಿ ಕೆಲವರು ಹಾಗೆ ಹೋದವರು ಮತ್ತೆ ಬರಲೇ ಇಲ್ಲ. ಮಾಸ್ಕೋದಲ್ಲಿ ಒಂದು ದೇಶ ಮುಗಿಯಿತು, ಇಲ್ಲಿ ಒಂದು ಬೀದಿ ಒಡೆಯಿತು. ಎರಡರ ಅಳತೆ ಬೇರೆ, ಸಮಾನ ಎಂದು ನಾನು ಹೇಳುತ್ತಿಲ್ಲ. ಆದರೆ ಎರಡು ಕಡೆಯೂ ಆ ಚಳಿಗಾಲದಲ್ಲಿ ಎದ್ದ ಪ್ರಶ್ನೆ ಒಂದೇ: ನಾವು ಅಂದರೆ ಯಾರು? ಎರಡು ಕಡೆಯೂ ಅದಕ್ಕೆ ಉತ್ತರ ಕೊಡಲು ಹೆಚ್ಚು ಗಟ್ಟಿಯಾಗಿ ಯತ್ನಿಸಿದ್ದು ಸಿನಿಮಾ.

ರಷ್ಯಾದಲ್ಲಿ ಅಲ್ಲಿಯವರೆಗೆ ಸಿನಿಮಾ ಸರ್ಕಾರದ್ದಾಗಿತ್ತು. ಬಂಡವಾಳ, ಸ್ಟುಡಿಯೊ, ಸೆನ್ಸಾರ್, ಟಾಕೀಸು ಎಲ್ಲವೂ. ಆ ಸರ್ಕಾರವೇ ಹೋದ ಮೇಲೆ, ವರ್ಷಕ್ಕೆ ನೂರಾರು ಚಿತ್ರ ತೆಗೆಯುತ್ತಿದ್ದ ದೇಶದಲ್ಲಿ 1990ರ ದಶಕದ ನಡುಭಾಗಕ್ಕೆ ಕೆಲವು ಡಜನ್ ಆಗುವುದೂ ಕಷ್ಟವಾಯಿತು. ಎಷ್ಟೋ ಟಾಕೀಸುಗಳು ಫರ್ನಿಚರ್ ಅಂಗಡಿಯಾದವು, ಕಾರಿನ ಷೋರೂಮಾದವು. ಉಳಿದ ಪರದೆಗಳ ಮೇಲೆ ಹಾಲಿವುಡ್ ಓಡಿತು. ಇದನ್ನು ಓದಿದ ಬೆಂಗಳೂರಿನವರಿಗೆ ವಿವರಣೆ ಬೇಕಿಲ್ಲ. ಕೆಂಪೇಗೌಡ, ಸಾಗರ್, ಗೀತಾ, ಹಿಮಾಲಯ, ಕಪಾಲಿ ಒಂದೊಂದಾಗಿ ನೆಲಸಮವಾದವು. ಮೆಜೆಸ್ಟಿಕ್ ಟಾಕೀಸು ಹೋಗಿ ಬಡಾವಣೆಗೆ ಹೆಸರು ಮಾತ್ರ ಉಳಿಯಿತು. ನಮ್ಮ ಕಡೆ ನವರಂಗ್, ವೀರೇಶ್, ಪ್ರಸನ್ನ ಇಷ್ಟು ವರ್ಷ ಹಿಡಿದುಕೊಂಡು ಬಂದದ್ದೇ ದೊಡ್ಡದು.

ಆ ಬರಗಾಲದಲ್ಲಿ, 1997ರಲ್ಲಿ, ಅಲೆಕ್ಸೇಯ್ ಬಾಲಬಾನೊವ್ ಬಲು ಕಡಿಮೆ ದುಡ್ಡಿನಲ್ಲಿ ‘ಬ್ರಾತ್’ ತೆಗೆದರು. ಸೈನ್ಯದಿಂದ ಬಿಡುಗಡೆಯಾದ ದನೀಲ ಎಂಬ ಹುಡುಗ ಅಣ್ಣನನ್ನು ಹುಡುಕಿಕೊಂಡು ಸೇಂಟ್ ಪೀಟರ್ಸ್‌ಬರ್ಗಿಗೆ ಬರುತ್ತಾನೆ. ಅಣ್ಣ ಸುಪಾರಿ ಹಂತಕ. ತಮ್ಮನೂ ಅದೇ ದಾರಿಗೆ ಬೀಳುತ್ತಾನೆ. ಮೈಮೇಲೆ ಹಳೇ ಬಟ್ಟೆಯ ಸಂತೆಯಲ್ಲಿ ಕೊಂಡ ದಪ್ಪ ಸ್ವೆಟರ್, ಸೊಂಟದಲ್ಲಿ ಹಾಡು ಕೇಳುವ ಸಿ.ಡಿ. ಪ್ಲೇಯರ್. ನಟರು ಬಹುಪಾಲು ತಮ್ಮದೇ ಬಟ್ಟೆಯಲ್ಲಿ ನಟಿಸಿದರು. ದನೀಲನಾಗಿದ್ದ ಸೆರ್ಗೇಯ್ ಬೊದ್ರೊವ್ ಜೂನಿಯರ್ ಒಂದು ತಲೆಮಾರಿನ ಮುಖವಾಗಿಬಿಟ್ಟ. 2002ರಲ್ಲಿ ಕಾಕಸಸ್‌ನ ಕಣಿವೆಯೊಂದರಲ್ಲಿ ಚಿತ್ರೀಕರಣಕ್ಕೆ ಹೋದವನು ಹಿಮನದಿ ಕುಸಿದು ತಂಡದ ಸಮೇತ ಕಾಣೆಯಾದ. ಅವನಿಗೆ ಮೂವತ್ತು ವರ್ಷ.

‘ಬ್ರಾತ್’ ನೋಡಿದಾಗ ನನಗೆ ತಕ್ಷಣ ಹೊಳೆದದ್ದು ‘ಓಂ’. ಅದಕ್ಕಿಂತ ಎರಡು ವರ್ಷ ಮೊದಲು, 1995ರಲ್ಲಿ, ಉಪೇಂದ್ರ ನಿರ್ದೇಶಿಸಿದ ಚಿತ್ರ. ಪುರೋಹಿತರ ಮನೆಯ ಹುಡುಗ ರೌಡಿಯಾಗುವ ಕಥೆ. ಬೆಂಗಳೂರಿನ ನಿಜವಾದ ರೌಡಿಗಳೇ ಅದರಲ್ಲಿ ಕಾಣಿಸಿಕೊಂಡಿದ್ದರು. ಇಪ್ಪತ್ತು ವರ್ಷವಾದರೂ ಮರುಬಿಡುಗಡೆಯಾಗುತ್ತಲೇ ಇತ್ತು, ನೂರಾರು ಸಲ. ನನ್ನ ಹಿಂದಿನ ಬೆಂಚಿನ ಹುಡುಗರು ಅದರ ನಾಯಕ ಶಿವರಾಜಕುಮಾರ್ ಹಾಗೆ ಕೂದಲು ಬಿಟ್ಟು ತರಗತಿಗೆ ಬರುತ್ತಿದ್ದರು. ಮೇಷ್ಟರುಗಳಿಗೆ ಸಿಟ್ಟು ಬರುತ್ತಿತ್ತು. ನನಗೆ ಕುತೂಹಲ ಬರುತ್ತಿತ್ತು. ಕಾರ್ಖಾನೆಗಳು ಮುಚ್ಚುತ್ತಿದ್ದ, ಅಪ್ಪಂದಿರು ಸ್ವಯಂ ನಿವೃತ್ತಿ ಹಣ ಹಿಡಿದು ಮನೆಗೆ ಬರುತ್ತಿದ್ದ ಕಾಲ ಅದು. ಕಾನೂನು ಕೈಗೆ ಸಿಗದ ಊರಿನಲ್ಲಿ ಒಬ್ಬ ಹುಡುಗ ಹೇಗೆ ಬದುಕಬೇಕು ಎಂಬುದನ್ನು ಪಠ್ಯಪುಸ್ತಕ ಹೇಳುತ್ತಿರಲಿಲ್ಲ. ‘ಓಂ’ ತನಗೆ ತಿಳಿದಂತೆ ಹೇಳಿತು, ಅವರಾಡುವ ಕನ್ನಡದಲ್ಲಿ, ಅವರು ನಡೆಯುವ ರಸ್ತೆಯಲ್ಲಿ. ಉತ್ತರ ಸರಿಯೋ ತಪ್ಪೋ, ಪ್ರಶ್ನೆ ಅವರದೇ ಆಗಿತ್ತು. ದನೀಲನನ್ನು ರಷ್ಯಾದ ಹುಡುಗರು ಅಪ್ಪಿಕೊಂಡದ್ದೂ ಇದಕ್ಕೇ.

ಆದರೆ ಇಂಥ ಚಿತ್ರದೊಳಗೆ ವಿಷವೂ ಇರುತ್ತದೆ, ಅದನ್ನು ಮುಚ್ಚಿಡಬಾರದು. ದನೀಲನಿಗೆ ಕಾಕಸಸ್ ಕಡೆಯವರನ್ನು ಕಂಡರೆ ತಿರಸ್ಕಾರ. ಚಿತ್ರ ಅದನ್ನು ಪ್ರಶ್ನಿಸುವುದಿಲ್ಲ. ನಮ್ಮ ಚಿತ್ರಗಳಲ್ಲೂ ಹರಕು ಕನ್ನಡದ ಸೇಟು, ಉಗುಳು ಸಿಡಿಸುವ ಪರಭಾಷಿಕ ದಶಕಗಳ ಕಾಲ ನಗೆಗೀಡಾಗಿ ಬಂದುಹೋದರು. ನಾವು ಯಾರು ಎಂದು ಹೇಳುವುದಕ್ಕಿಂತ ಯಾರು ನಮ್ಮವರಲ್ಲ ಎಂದು ತೋರಿಸುವುದು ಸುಲಭ. 2016ರ ಸೆಪ್ಟೆಂಬರ್‌ನಲ್ಲಿ ಮತ್ತೆ ಕಾವೇರಿಯ ಗಲಭೆಯಾದಾಗ ಕೆಂಗೇರಿ ಕಡೆಯ ಡಿಪೊ ಒಂದರಲ್ಲಿ ತಮಿಳುನಾಡಿನ ನೋಂದಣಿಯ ಬಸ್ಸುಗಳು ಸಾಲಾಗಿ ಉರಿದದ್ದನ್ನು ಮೈಸೂರು ರಸ್ತೆಯ ಜನ ಕಣ್ಣಾರೆ ಕಂಡಿದ್ದಾರೆ. ಆ ಬೆಂಕಿಗೆ ಸಿನಿಮಾ ಕಾರಣ ಎಂದು ಯಾವ ಇತಿಹಾಸದ ಮೇಷ್ಟ್ರೂ ಬರೆಯಲಾರರು. ಸಿನಿಮಾ ಅದನ್ನು ಆರಿಸುವ ಕೆಲಸವನ್ನೂ ಮಾಡಲಿಲ್ಲ ಎಂದು ಮಾತ್ರ ನಾನು ಬರೆಯುತ್ತೇನೆ.

ನಾವು ಯಾರು ಎಂಬುದಕ್ಕೆ ಇನ್ನೊಂದು ಉತ್ತರ ಇತಿಹಾಸದಿಂದ ತರುವಂಥದು. ನಿಕಿತಾ ಮಿಖಾಲ್ಕೊವ್ ‘ದ ಬಾರ್ಬರ್ ಆಫ್ ಸೈಬೀರಿಯಾ’ ಎಂಬ ಭಾರೀ ವೆಚ್ಚದ ಚಿತ್ರ ತೆಗೆದು 1999ರಲ್ಲಿ ಕ್ರೆಮ್ಲಿನ್ ಆವರಣದಲ್ಲೇ ತೋರಿಸಿದರು. ಸೋತ ದೇಶಕ್ಕೆ ತಲೆಯೆತ್ತಲು ಹಳೇ ಚಕ್ರವರ್ತಿಯ ಕಾಲ ಬೇಕಿತ್ತು. ಕುದುರೆಯೇರಿ ಬರುವ ಮೂರನೇ ಅಲೆಕ್ಸಾಂಡರ್ ಆಗಿ ನಿರ್ದೇಶಕರೇ ಕಾಣಿಸಿಕೊಂಡರು. ಆ ಚಿತ್ರದ ಮಾತುಗಳಲ್ಲಿ ದೊಡ್ಡ ಪಾಲು ಇಂಗ್ಲಿಷಿನಲ್ಲಿದೆ, ಹೊರಗಿನ ಮಾರುಕಟ್ಟೆಗಾಗಿ.

ನಮ್ಮ ಅರಸರು ಇದಕ್ಕೂ ಮೊದಲೇ ಪರದೆಗೆ ಬಂದಿದ್ದರು. 1960ರಲ್ಲಿ ‘ರಣಧೀರ ಕಂಠೀರವ’, 1967ರಲ್ಲಿ ‘ಇಮ್ಮಡಿ ಪುಲಿಕೇಶಿ’, 1970ರಲ್ಲಿ ‘ಶ್ರೀಕೃಷ್ಣದೇವರಾಯ’, 1975ರಲ್ಲಿ ‘ಮಯೂರ’. 1956ರಲ್ಲಿ ಒಂದಾದ, 1973ರಲ್ಲಷ್ಟೇ ಕರ್ನಾಟಕ ಎಂಬ ಹೆಸರು ಪಡೆದ ನಾಡಿಗೆ ತನ್ನ ಚರಿತ್ರೆಯನ್ನು ಕಾಣಿಸಿದ್ದು ಈ ಚಿತ್ರಗಳು. ಬೀದರಿನ ಹುಡುಗನಿಗೂ ಚಾಮರಾಜನಗರದ ಹುಡುಗನಿಗೂ ಬನವಾಸಿ ತನ್ನದು ಅನ್ನಿಸಿದ್ದು ರಾಜಕುಮಾರ್ ಖಡ್ಗ ಹಿಡಿದ ಮೇಲೆ. ದೇವುಡು ಅವರ ಕಾದಂಬರಿ ಆಧರಿಸಿದ ‘ಮಯೂರ’ವನ್ನು ನಾನು ತರಗತಿಯಲ್ಲಿ ಬಳಸುತ್ತಿದ್ದೆ, ಜೊತೆಗೆ ತಾಳಗುಂದದ ಶಾಸನವನ್ನೂ. ಕಂಚಿಯಲ್ಲಿ ಪಲ್ಲವರ ಕುದುರೆ ಸವಾರನ ಜೊತೆ ಜಗಳವಾಗಿ ಮಯೂರಶರ್ಮ ಕತ್ತಿ ಹಿಡಿದ ಎಂದು ಶಾಸನ ಹೇಳುತ್ತದೆ. ಕೊನೆಗೆ ಅವನು ಪಲ್ಲವರಿಂದಲೇ ಪಟ್ಟ ಪಡೆದ ಎಂದೂ ಹೇಳುತ್ತದೆ. ಕಾದಾಟ, ಆಮೇಲೆ ಒಪ್ಪಂದ. ಸಿನಿಮಾಕ್ಕೆ ಬೇಕಾದದ್ದು ಮೊದಲನೆಯದು. ನಾಡು ಕಟ್ಟಲು ಎರಡನೆಯದೂ ಬೇಕಾಗುತ್ತದೆ ಎಂದು ಹೇಳಿದರೆ ಮಕ್ಕಳು ಒಪ್ಪುತ್ತಿರಲಿಲ್ಲ. ಆ ವಾದಗಳೇ ನನ್ನ ಅತ್ಯುತ್ತಮ ತರಗತಿಗಳು.

‘ರಣಧೀರ ಕಂಠೀರವ’ದ ಹುಟ್ಟನ್ನು ಸ್ವಲ್ಪ ವಿವರವಾಗಿ ನೆನೆಯಬೇಕು. ಕೆಲಸವಿಲ್ಲದೆ ಕಂಗೆಟ್ಟಿದ್ದ ಕನ್ನಡ ಕಲಾವಿದರು, ಅಂದರೆ ರಾಜಕುಮಾರ್, ಬಾಲಕೃಷ್ಣ, ನರಸಿಂಹರಾಜು, ಜಿ.ವಿ. ಅಯ್ಯರ್, ತಾವೇ ಸಂಘ ಕಟ್ಟಿ ಆ ಚಿತ್ರ ಮಾಡಿದರು. ನಂತರದ ವರ್ಷಗಳಲ್ಲಿ ಡಬ್ಬಿಂಗ್ ವಿರುದ್ಧ ಅನಕೃ, ಮ. ರಾಮಮೂರ್ತಿ ಮೊದಲಾದವರು ದನಿಯೆತ್ತಿದ್ದರ ಹಿಂದೆ ಈ ಹಸಿವಿತ್ತು. ಹಾಗಾಗಿ ಡಬ್ಬಿಂಗ್ ಮೇಲೆ ಬಿದ್ದ ತಡೆಯನ್ನು ಬರೀ ಮಡಿವಂತಿಕೆ ಎಂದು ತಳ್ಳಿಹಾಕುವವರ ಜೊತೆ ನಾನಿಲ್ಲ. ಆ ಗೋಡೆಯ ಒಳಗೆ ಸಿದ್ಧಲಿಂಗಯ್ಯನವರ ‘ಬಂಗಾರದ ಮನುಷ್ಯ’ ಬೆಳೆಯಿತು, ನಿರ್ದೇಶಕ ಪುಟ್ಟಣ್ಣ ಬೆಳೆದರು. 1982ರ ಗೋಕಾಕ್ ಚಳವಳಿಗೆ ರಾಜಕುಮಾರ್ ಬೀದಿಗಿಳಿದಾಗ ಶಾಲೆಯಲ್ಲಿ ಕನ್ನಡಕ್ಕೆ ಮೊದಲ ಸ್ಥಾನ ಬೇಕೆಂಬ ಸಾಹಿತಿಗಳ ಬೇಡಿಕೆ ಊರೂರಿನ ಬೇಡಿಕೆಯಾಯಿತು. ಅಷ್ಟು ಶಕ್ತಿ ಒಬ್ಬ ನಟನಿಗೆ ಬಂದದ್ದು ಅವನ ಚಿತ್ರಗಳನ್ನು ಜನ ಕನ್ನಡದಲ್ಲೇ, ಒಟ್ಟಿಗೇ ಕೂತು ನೋಡಿದ್ದರಿಂದ.

ಗೋಡೆ ಮಾತ್ರ ತನ್ನ ಕಾಲ ಮೀರಿ ನಿಂತಿತು. ಕಲಾವಿದನ ಅನ್ನ ಕಾಯಲು ಎದ್ದದ್ದು ಕೊನೆಗೆ ಕೆಲವರ ರೀಮೇಕ್ ವ್ಯಾಪಾರವನ್ನು ಕಾಯತೊಡಗಿತು. ಕನ್ನಡ ಗ್ರಾಹಕರ ಕೂಟದ ದೂರಿನ ಮೇಲೆ ಸ್ಪರ್ಧಾ ಆಯೋಗ 2015ರಲ್ಲಿ ಚಲನಚಿತ್ರ ವಾಣಿಜ್ಯ ಮಂಡಳಿ ಮೊದಲಾದ ಸಂಸ್ಥೆಗಳಿಗೆ ದಂಡ ಹಾಕಿತು. ಎರಡು ವರ್ಷದಲ್ಲಿ ಡಬ್ ಆದ ಚಿತ್ರಗಳು ಬಂದವು. ಕನ್ನಡ ಸಿನಿಮಾ ಸಾಯಲಿಲ್ಲ. ‘ಕೆಜಿಎಫ್’, ‘ಕಾಂತಾರ’ ಬೇರೆಯವರ ಭಾಷೆಗಳಿಗೆ ಹೋಗಿ ದೇಶವನ್ನೇ ಗೆದ್ದವು. ರಾಜ್ಯದ ಹೊರಗೆ ಓದುವ ನನ್ನ ಮೊಮ್ಮಗಳಿಗೆ ಅದರಿಂದ ಸಿಕ್ಕ ಹೆಮ್ಮೆಯನ್ನು ನಾನು ಹಗುರವಾಗಿ ಕಾಣುವುದಿಲ್ಲ. ಆದರೆ ಇತಿಹಾಸದ ಮೇಷ್ಟ್ರಮ್ಮನಾಗಿ ಒಂದು ಮಾತು ಹೇಳಬೇಕಾಗುತ್ತದೆ. ‘ಕೆಜಿಎಫ್’ ಎಂಬ ಹೆಸರು ಬಂದ ಕೋಲಾರದ ಚಿನ್ನದ ಗಣಿಗಳಲ್ಲಿ ಭೂಮಿಯ ತಳಕ್ಕಿಳಿದು ಪುಪ್ಪುಸ ಕಳಕೊಂಡವರು ಬಹುಪಾಲು ತಮಿಳು ಆಡುವ ದಲಿತ ಕುಟುಂಬಗಳ ಕಾರ್ಮಿಕರು. 2001ರಲ್ಲಿ ಗಣಿ ಮುಚ್ಚಿದ ಮೇಲೆ ಅವರ ಮಕ್ಕಳು ಬೆಳಗಿನ ರೈಲು ಹತ್ತಿ ಬೆಂಗಳೂರಿಗೆ ದುಡಿಯಲು ಬರುತ್ತಾರೆ. ಆ ಊರಿನ ಹೆಸರು ಜಗತ್ತಿಗೆ ಗೊತ್ತಾಯಿತು, ಆ ಜನ ಗೊತ್ತಾಗಲಿಲ್ಲ. ಅವರ ಕಥೆ ಹೇಳುವ ಕನ್ನಡ ಚಿತ್ರಕ್ಕೂ ಜಾಗ ಬೇಕು. ಮಂಡ್ಯದ ನೊದೆಕೊಪ್ಪಲಿನ ಜನರೇ ನಟಿಸಿದ ‘ತಿಥಿ’ಯಂಥ ಚಿತ್ರ ಹೊರದೇಶದಲ್ಲಿ ಪ್ರಶಸ್ತಿ ಪಡೆದು ಬಂದರೂ ನಮ್ಮ ಬಡಾವಣೆಯ ಪರದೆಯಲ್ಲಿ ತಿಂಗಳುಗಟ್ಟಲೆ ನಿಲ್ಲಲಾರದು. 

ತನ್ನನ್ನು ಟೀಕಿಸುವ ಚಿತ್ರವನ್ನು ನಾಡು ಹೇಗೆ ನಡೆಸಿಕೊಳ್ಳುತ್ತದೆ ಎಂಬುದು ಎಲ್ಲಕ್ಕಿಂತ ದೊಡ್ಡ ಪರೀಕ್ಷೆ. ಆಂದ್ರೇಯ್ ಜ್ವ್ಯಾಗಿಂತ್ಸೆವ್ ಅವರ ‘ಲೆವಿಯಾಥನ್’ 2014ರ ಚಿತ್ರ. ಉತ್ತರದ ಸಮುದ್ರ ತೀರದಲ್ಲಿ ಒಬ್ಬ ಮೆಕ್ಯಾನಿಕ್, ಅವನ ತಲೆಮಾರುಗಳ ಮನೆ. ಊರಿನ ಮೇಯರ್‌ಗೆ ಆ ಜಾಗದ ಮೇಲೆ ಕಣ್ಣು. ನ್ಯಾಯಾಲಯ, ಪೊಲೀಸು, ಚರ್ಚು ಎಲ್ಲ ಒಂದಾಗಿ ಅವನನ್ನು ಮುಗಿಸುತ್ತವೆ. ಸರ್ಕಾರದ ಹಣವೂ ಸೇರಿ ತಯಾರಾದ ಈ ಚಿತ್ರವನ್ನು ಸಂಸ್ಕೃತಿ ಸಚಿವರು ಬಹಿರಂಗವಾಗಿಯೇ ಟೀಕಿಸಿದರು. ಅದರಿಂದೀಚೆಗೆ ಅಲ್ಲಿ ಸರ್ಕಾರದ ದುಡ್ಡು ಯುದ್ಧದ ಹೆಮ್ಮೆಯ ಕಥೆಗಳತ್ತ ಇನ್ನಷ್ಟು ಹರಿಯಿತು. ಕೆಂಗೇರಿ, ಸೊಂಡೆಕೊಪ್ಪ, ಮಾಗಡಿ ರಸ್ತೆಯ ಆಚೀಚೆ ಜಮೀನಿನ ಕಾಗದ ಹಿಡಿದು ತಾಲೂಕು ಕಚೇರಿಗೆ ಅಲೆದ ಯಾರಿಗಾದರೂ ಆ ಮೆಕ್ಯಾನಿಕ್ ನೆಂಟನಂತೆ ಕಾಣುತ್ತಾನೆ. ನಮ್ಮಲ್ಲೂ 1970ರ ‘ಸಂಸ್ಕಾರ’ಕ್ಕೆ ಮೊದಲು ಸೆನ್ಸಾರ್ ತಡೆ ಬಿದ್ದಿತ್ತು. ಇವತ್ತು ಅದು ನಮ್ಮ ಕಿರೀಟ.

ಇಷ್ಟೆಲ್ಲ ಆದರೂ ರಷ್ಯನ್ನರು ಒಂದು ಕೆಲಸವನ್ನು ಬಿಡಲಿಲ್ಲ. ಮಾಸ್ಕೋದ ಹೊರಗೆ ಬೆಲಿಯೆ ಸ್ತೋಲ್ಬಿ ಎಂಬಲ್ಲಿ 1948ರಲ್ಲಿ ಆರಂಭವಾದ ಗೊಸ್‌ಫಿಲ್ಮೊಫೊಂದ್ ಎಂಬ ಚಿತ್ರಭಂಡಾರ ದೇಶ ಮುರಿದು ಬಿದ್ದಾಗಲೂ ಉಳಿಯಿತು. ಟಾಕೀಸು ಹೋಯಿತು, ರೂಬಲ್ ಬಿದ್ದಿತು, ರೀಲು ಉಳಿಯಿತು. ಮಾಸ್‌ಫಿಲ್ಮ್ ಸ್ಟುಡಿಯೊ ತನ್ನ ಹಳೆಯ ಚಿತ್ರಗಳನ್ನು ದುರಸ್ತಿ ಮಾಡಿಸಿ 2011ರಿಂದ ಯೂಟ್ಯೂಬಿನಲ್ಲಿ ಉಚಿತವಾಗಿ ಹಾಕಿದೆ. ತಾಯಿಯ ಮನೆಯ ಸೂರು ಸರಿಮಾಡಲು ರಜೆ ಪಡೆದ ಸೈನಿಕನ ಕಥೆ, 1959ರ ‘ಬಲ್ಲಾಡ್ ಆಫ್ ಎ ಸೋಲ್ಜರ್’, ವಿಜಯನಗರದ ನನ್ನ ಕೋಣೆಯಲ್ಲಿ ನಿನ್ನೆ ತೆಗೆದಂತೆ ಕಾಣುತ್ತದೆ. ಅದೇ ಪರದೆಯಲ್ಲಿ ಅದೇ ಕಾಲದ ಕನ್ನಡ ಚಿತ್ರ ಹುಡುಕಿದರೆ ಎಷ್ಟೋ ಸಲ ಸಿಗುವುದು ಅಂಚು ಕತ್ತರಿಸಿದ, ಮುಖ ಮಸುಕಾದ, ಮೂಲೆಯಲ್ಲಿ ಯಾರದೋ ಲಾಂಛನ ಹೊತ್ತ ಪ್ರತಿ.

ನಮ್ಮ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ 1934ರ ಮಾರ್ಚ್ 3ರಂದು ಬೆಂಗಳೂರಿನಲ್ಲಿ ತೆರೆಕಂಡಿತು. ಅದರ ಒಂದು ಪ್ರಿಂಟೂ ಉಳಿದಿಲ್ಲ. ಗಿರೀಶ ಕಾಸರವಳ್ಳಿಯವರ 1977ರ ‘ಘಟಶ್ರಾದ್ಧ’ ಹೊಸದಾಗಿ ಹೊಳೆದು 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಕಂಡಿತು. ಪುಣೆಯ ಭಂಡಾರದಲ್ಲಿದ್ದ ನೆಗೆಟಿವ್‌ನಿಂದ, ಮುಂಬೈಯ ಫಿಲ್ಮ್ ಹೆರಿಟೇಜ್ ಫೌಂಡೇಶನ್ ಮತ್ತು ಮಾರ್ಟಿನ್ ಸ್ಕಾರ್ಸೆಸೆ ಅವರ ಸಂಸ್ಥೆಯ ಶ್ರಮದಿಂದ. ಅವರಿಗೆ ಕೈಮುಗಿಯುತ್ತೇನೆ. ಆ ಕೆಲಸ ನಾವು ಮಾಡಬೇಕಿತ್ತು. ಜನ ನೋಡುವುದಿಲ್ಲ ಎಂಬ ಮಾತನ್ನು ನಾನು ಒಪ್ಪುವುದಿಲ್ಲ. ಬಣ್ಣ ಹಾಕಿದ ‘ಸತ್ಯ ಹರಿಶ್ಚಂದ್ರ’ 2008ರಲ್ಲಿ, ‘ಕಸ್ತೂರಿ ನಿವಾಸ’ 2014ರಲ್ಲಿ ಬಂದಾಗ ಮೂರು ತಲೆಮಾರು ಒಟ್ಟಿಗೇ ಹೋಗಿ ನೋಡಿತು. ಬಣ್ಣ ಹಾಕುವುದು ನನಗೆ ಹಿಡಿಸದು, ಆದರೆ ಆ ನೂಕುನುಗ್ಗಲು ಹಿಡಿಸಿತು.

ಫಿಲ್ಮು ಕಾಯುವುದಿಲ್ಲ. ಸೆಖೆಯಲ್ಲಿ, ತೇವದಲ್ಲಿ ಇಟ್ಟರೆ ಒಳಗಿನಿಂದ ಕೊಳೆತು ವಿನೆಗರಿನ ಹುಳಿ ವಾಸನೆ ಬರತೊಡಗುತ್ತದೆ. ಒಂದು ರೀಲಿಗೆ ಹತ್ತಿದ್ದು ಪಕ್ಕದ ಡಬ್ಬಿಗೂ ಹತ್ತುತ್ತದೆ. ತಣ್ಣಗಿನ, ಒಣ ಕೋಣೆ ಬೇಕು, ವರ್ಷವಿಡೀ ವಿದ್ಯುತ್ ಬೇಕು, ತಿಳಿದವರ ಕೈ ಬೇಕು. 3 ಕೋಟಿಯಲ್ಲಿ ಹಾರ್ಡ್ ಡಿಸ್ಕ್ ಕೊಂಡು ಉದ್ಘಾಟನೆ ಮಾಡಿಬಿಟ್ಟರೆ ಸಾಲದು. ಮೈಸೂರಿನ ಬಳಿ ಹಿಮ್ಮಾವಿನಲ್ಲಿ ಚಿತ್ರನಗರಿ ಆಗಲಿ. ಅಭಿಮಾನ್ ಜಮೀನು ಕಾಡಿಗೆ ಸೇರಬೇಕೆಂದು ನ್ಯಾಯಾಲಯ ಹೇಳಿದರೆ ಸೇರಲಿ. ಭಂಡಾರ ಮಾತ್ರ ಸರ್ಕಾರದ್ದೇ ಆದ ಕಂಠೀರವ ಸ್ಟುಡಿಯೊದಲ್ಲಿ ಬರಲಿ. ರಾಜಕುಮಾರ್, ಅಂಬರೀಶ್, ಪುನೀತ್ ಸಮಾಧಿಗಳಿಗೆ ಅಲ್ಲಿಗೆ ದಿನವೂ ಜನ ಬರುತ್ತಾರೆ.  ಹೂ ಹಾಕಿ ಹೊರಬರುವವರಿಗೆ ಅಲ್ಲೇ ನೂರು ಸೀಟಿನ ಒಂದು ಹಾಲ್ ಇರಲಿ, ದಿನಕ್ಕೊಂದು ಹಳೆಯ ಕನ್ನಡ ಚಿತ್ರ, ಐವತ್ತು ರೂಪಾಯಿ ಟಿಕೆಟ್ಟು, ಶಾಲಾ ಮಕ್ಕಳಿಗೆ ಉಚಿತ.

ಮೊದಲ ವರ್ಷಕ್ಕೆ ನನ್ನ ಬೇಡಿಕೆ ಸಣ್ಣದು: ‘ಬೇಡರ ಕಣ್ಣಪ್ಪ’, ‘ರಣಧೀರ ಕಂಠೀರವ’, ಎನ್. ಲಕ್ಷ್ಮೀನಾರಾಯಣ್ ಅವರ ‘ನಾಂದಿ’, ‘ಗೆಜ್ಜೆಪೂಜೆ’, ‘ಸಂಸ್ಕಾರ’, ‘ಚೋಮನ ದುಡಿ’, ‘ಓಂ’. ಇವುಗಳಲ್ಲಿ ಯಾವುದರ ಮೂಲ ನೆಗೆಟಿವ್ ಇದೆ, ಎಲ್ಲಿದೆ, ಎಷ್ಟು ಕೆಟ್ಟಿದೆ, ಹಕ್ಕು ಯಾರ ಬಳಿ ಇದೆ ಎಂಬ ಪಟ್ಟಿಯನ್ನು ಚಲನಚಿತ್ರ ಅಕಾಡೆಮಿ ಈ ವರ್ಷವೇ ಪ್ರಕಟಿಸಲಿ. ಪಟ್ಟಿ ಮಾಡಲು ಕೈ ಬೇಕಾದರೆ ನಿವೃತ್ತ ಆಪರೇಟರುಗಳು ಮಾಗಡಿ ರಸ್ತೆಯಿಂದ ಕೆಂಗೇರಿವರೆಗೆ ಇನ್ನೂ ಕೆಲವರಿದ್ದಾರೆ. ಡಬ್ಬಿ ತೆರೆದು ಮೂಸಿ ನೋಡಿದರೇ ಫಿಲ್ಮಿನ ಆಯಸ್ಸು ಹೇಳಬಲ್ಲವರು. ಅವರಿಗೆಲ್ಲ ಎಪ್ಪತ್ತು ದಾಟಿದೆ, ಈಗಲೇ ಕರೆಯಬೇಕು.